ಗುಡಿಸದ ಮನೆ

೧೪ ಜೂನ್ ೨೦೦೪, ಸೋಮವಾರ

ಇವತ್ತೂ ಮಗಳು ಲಹರಿಯ ಫೋನಿಲ್ಲ. ಹಿಮಾಲಯದ ಚಾರಣ ಮುಗಿಸಿ ನಿನ್ನೆಯೇ ಕೆಳಗಿನ ಹಳ್ಳಿಗೆ ಇಳಿಯಬೇಕಿತ್ತು. ಮೇಲೆ ಹಿಮ ಸುರಿಯುತ್ತಿದೆಯಂತೆ. ಮಾದಾಪುರದ ಅವಳ ಆಫೀಸಿನವರಿಗೂ ಸುದ್ದಿಯಿಲ್ಲ. ‘ನೋ ನ್ಯೂಸ್ ಈಸ್ ಗುಡ್ ನ್ಯೂಸ್’ ಎಂದು ಕಾಲೇಜಿನಲ್ಲಿ ಕಲಿತಿದ್ದೆ. ಹೇಳಿದವನಿಗೆ ಮಗಳಿರಲಿಲ್ಲವೇನೋ.

ಕೆಲಸದ ನಿಂಗಮ್ಮ ಕಸಬರಿಗೆ ಹಿಡಿದು ನಿಂತಳು. “ಮನ್ಯಾಗ ಕಸದ ಗುಡ್ಡ ಬೆಳದೈತ್ರಿ ಸಾಹೇಬ್ರ, ಅಕ್ಕಾರು ಅಷ್ಟು ದೂರ ಯಾಕ ಹೋದ್ರು?”

“ಮುಟ್ಟಿದ ಸುದ್ದಿ ಬರೋತನಕ ಕಸ ಹೊಡೀಬಾರದವ್ವ.”

ಅದು ನನ್ನ ಹೆಂಡತಿ ಗುಣವತಿಯ ನೇಮ. ಅವಳನ್ನು ಆಸ್ಪತ್ರೆಗೆ ಒಯ್ದ ದಿನ ಮಾತ್ರ ಯಾರೋ ಗುಡಿಸಿಬಿಟ್ಟಿದ್ದರು. ಅವಳು ಮನೆಗೆ ಮರಳಲಿಲ್ಲ.

ಲಹರಿಯ ಬೂಟು ಬಿಟ್ಟ ಮಣ್ಣು ಹೊಸ್ತಿಲ ಬಳಿ ಹಾಗೇ ಇದೆ. ಸೆಕೆ ತಡೆಯಲಾಗುತ್ತಿಲ್ಲ. ಆದರೆ ಫ್ಯಾನು ಹಾಕಿದರೆ ಆ ಮಣ್ಣು ಹಾರಿಹೋದೀತೆಂದು ಬೆವರುತ್ತಲೇ ಕೂತಿದ್ದೇನೆ.