ಅಡುಗೆಮನೆ ಬಾಗಿಲ ಕಡೆಯ ದೋಣಿ

ನನ್ನ ಬಡಗಿ ಕೂಸೇ,

ದೋಣಿ ಕಟ್ಟುವ ಕಾರ್ಖಾನೆಯಲ್ಲಿ ಕೆಲಸ ಸಿಕ್ಕಿತೆಂದು ನೀನು ಬರೆದ ಕಾಗದವನ್ನು ಮೂರು ಸಲ ಓದಿದೆ. ನಾಲ್ಕನೆಯ ಸಲ ಎದುರುಮನೆಯ ದರ್ಜಿಯನ್ನು ಕರೆದು ಓದಿಸಿ ಕೇಳಿದೆ. ಆ ಖುಷಿಯಲ್ಲಿ ಅಡುಗೆಗೆ ಎರಡು ಸಲ ಉಪ್ಪು ಬಿತ್ತು. ನಲವತ್ತು ವರ್ಷ ಸೌಟು ಹಿಡಿದ ಕೈ ಇದು!

ಆದರೆ ಕಾಗದದ ಕೊನೆಯಲ್ಲೊಂದು ಸಾಲಿತ್ತು. ಅಲ್ಲಿಯ ಹಿರಿಯ ಕೆಲಸಗಾರನೊಬ್ಬ, "ಇವಳಪ್ಪ ನೋಡ್ಕೋತಿದ್ದ ದೋಣಿನೇ ಸೋರಿತ್ತಲ್ಲ, ಇವಳ ಕೈಗೆ ಉಳಿ ಕೊಡ್ತೀರಾ?" ಅಂದನಂತೆ. ನೀನು ತಲೆ ತಗ್ಗಿಸಿ ನಿಂತೆಯಂತೆ. ತಲೆ ತಗ್ಗಿಸಬೇಕಾದವನು ನಾನು, ಮಗಳೇ.

ನೀನಿನ್ನೂ ನಿನ್ನಮ್ಮನ ಹೊಟ್ಟೆಯಲ್ಲಿದ್ದಾಗಿನ ಮಾತು. ಯುದ್ಧಕಾಲ. ನಮ್ಮದು ಗೋಧಿ ತುಂಬಿದ ಸರಕಿನ ಹಡಗು. ನಾನು ಅಡುಗೆಯವನು, ನಿನ್ನಪ್ಪ ಬಡಗಿ. ಜೀವ ಉಳಿಸುವ ದೋಣಿ ಎರಡೇ, ಬಲಕ್ಕೊಂದು, ಎಡಕ್ಕೊಂದು. ಮರದ ದೋಣಿ ಬಿಸಿಲಲ್ಲಿ ಸುಮ್ಮನೆ ತೂಗಾಡುತ್ತಿದ್ದರೆ ಹಲಗೆ ಒಣಗಿ ಸಂದು ಬಿಡುತ್ತದೆ. ಅದಕ್ಕೇ ಅವನು ದಿನಾ ಬೆಳಿಗ್ಗೆ ಸಮುದ್ರದ ನೀರು ಸೇದಿ ಎರಡಕ್ಕೂ ಹಾಕುತ್ತಿದ್ದ, ಅದೂ ನನ್ನ ಅಡುಗೆಮನೆಯ ಬಕೆಟ್ಟಿನಲ್ಲಿ! "ಏನಣ್ಣ, ಹೂ ಬಿಡ್ತಾ ನಿನ್ನ ದೋಣಿ?" ಎಂದು ರೇಗಿಸುತ್ತಿದ್ದೆ. "ಬಿಟ್ರೆ ಮೊದಲ್ನೇದು ನಿನ್ ಕಿವಿ ಮೇಲೇ ಇಡ್ತೀನಿ," ಅನ್ನುತ್ತಿದ್ದ.

ಎಡಗಡೆಯ ದೋಣಿ ನನ್ನ ಬಾಗಿಲ ಮೇಲೇ ತೂಗುತ್ತಿತ್ತು. ತೊಟ್ಟಿಕ್ಕಿದ ನೀರಿನಿಂದ ಹೊಸ್ತಿಲು ಸದಾ ಒದ್ದೆ. ಒಂದು ದಿನ ಗಂಜಿಯ ಪಾತ್ರೆ ಸಮೇತ ಜಾರಿ ಬಿದ್ದೆ. ಎಲ್ಲರೂ ನಕ್ಕರು, ನಿನ್ನಪ್ಪನೂ ನಕ್ಕ. ನನಗೋ ಮೂಗಿನ ತುದಿಯಲ್ಲೇ ಕೋಪ. ನೆಟ್ಟಗೆ ಕ್ಯಾಪ್ಟನ್ ಹತ್ತಿರ ಹೋಗಿ ಚಾಡಿ ಹೇಳಿದೆ. ಆ ಕಡೆ ಇನ್ನು ನೀರು ಹಾಕಕೂಡದೆಂದು ಅಪ್ಪಣೆಯಾಯಿತು. "ಮರ ಬಾಯಿ ಬಿಡುತ್ತೆ ಕಣೋ," ಅಂದ ನಿನ್ನಪ್ಪ. ಅಷ್ಟೇ, ಜಗಳವಾಡಲಿಲ್ಲ. ಬಲಗಡೆಯದಕ್ಕೆ ಮಾತ್ರ ಹಾಕುತ್ತ ಬಂದ. ನಾನು ಒಣಗಿದ ಹೊಸ್ತಿಲು ನೋಡಿ ಮೀಸೆ ತಿರುವಿದೆ.

ಆ ಅಪ್ಪಣೆಯಾದ ಹದಿನೈದನೆಯ ದಿನ, ಮಧ್ಯಾಹ್ನದ ಪಾತ್ರೆ ತೊಳೆಯುತ್ತಿದ್ದಾಗ ಶತ್ರುಗಳ ಟಾರ್ಪೆಡೊ ಬಡಿಯಿತು. ಹಡಗು ಅರ್ಧ ಗಂಟೆಯೂ ನಿಲ್ಲಲಿಲ್ಲ. ನನ್ನ ಜಾಗ ಬಲಗಡೆಯ ದೋಣಿಯಲ್ಲಿ, ಅವನದು ಎಡಗಡೆಯದರಲ್ಲಿ. ನೀರಿಗಿಳಿದದ್ದೇ ತಡ, ಅದು ಜರಡಿಯ ಹಾಗೆ ಸೋರತೊಡಗಿತು. ನಿನ್ನಪ್ಪ ಅದನ್ನು ನಮ್ಮ ದೋಣಿಗೆ ಹಗ್ಗದಿಂದ ಕಟ್ಟಿ, ಅದರಲ್ಲಿದ್ದ ಒಂಬತ್ತು ಜನರನ್ನೂ ಒಬ್ಬೊಬ್ಬರಾಗಿ ನಮ್ಮ ಕಡೆ ದಾಟಿಸಿದ. ಕೊನೆಗೆ ತಾನು ದಾಟಬೇಕು, ಅಷ್ಟರಲ್ಲಿ ಅಲೆಗೆ ಹಗ್ಗ ಕಿತ್ತುಹೋಯಿತು. "ಬಕೆಟ್ಟು ನಿನ್ ಕಾಲ ಹತ್ರನೇ ಇದೆ ನೋಡೋ!" ಎಂದು ಕೂಗಿದ. ಅದೇ ಅವನ ಕೊನೆಯ ಮಾತು. ಎಷ್ಟು ಹುಟ್ಟು ಹಾಕಿದರೂ ಅವನು ಸಿಗಲಿಲ್ಲ.

ಬೆಳಿಗ್ಗೆ ನೀರು ಹಾಕಿದವನು ಬಕೆಟ್ಟನ್ನು ಅಲ್ಲೇ ಬಿಟ್ಟಿದ್ದ. ಒಳಗೆ ಎರಚಿದ ಅಲೆಯ ನೀರನ್ನು ಮೂರು ದಿನ ಅದರಲ್ಲೇ ಎತ್ತಿ ಹಾಕಿದೆವು. ನಮ್ಮ ದೋಣಿಯ ಒಂದು ಸಂದೂ ಬಿಟ್ಟಿರಲಿಲ್ಲ. ಹತ್ತೊಂಬತ್ತು ಜನ ಮನೆ ಸೇರಿದೆವು.

ನಿನ್ನಮ್ಮನಿಗೆ ಆಗಲೇ ಎಲ್ಲ ಹೇಳಿದ್ದೆ. ತುಂಬ ಹೊತ್ತು ಅತ್ತು, "ಮಗು ದೊಡ್ಡದಾದ್ಮೇಲೆ ನೀನೇ ಹೇಳಣ್ಣ," ಅಂದಳು. ನೀನು ದೊಡ್ಡವಳಾದೆ, ನಾನು ಆಗಲಿಲ್ಲ. ನೀನು ಓಡಿ ಬಂದು "ಮಾವ" ಎಂದು ಕೊರಳಿಗೆ ಜೋತುಬಿದ್ದಾಗಲೆಲ್ಲ ನಾಳೆ ಹೇಳೋಣ ಎಂದುಕೊಂಡೆ.

ಇದನ್ನೇ ಇನ್ನೊಂದು ಹಾಳೆಯಲ್ಲಿ ಬರೆದು ಸಹಿ ಮಾಡಿದ್ದೇನೆ. ನಿಮ್ಮ ಮೇಸ್ತ್ರಿಗೆ ಕೊಡು, ಎಲ್ಲರೆದುರು ಗಟ್ಟಿಯಾಗಿ ಓದಲಿ. ಇಷ್ಟು ವರ್ಷಗಳ ಮೇಲೆ ಎದೆ ಹಗುರಾಗಿದೆ. ಕಿಟಕಿಯಲ್ಲಿ ಒಳ್ಳೆಯ ಬಿಸಿಲಿದೆ, ಒಲೆಯ ಮೇಲೆ ಅನ್ನ ಕುದಿಯುತ್ತಿದೆ. ನನ್ನನ್ನು ಇನ್ನೂ ಮಾವ ಅನ್ನಬೇಕೆನಿಸಿದರೆ ಭಾನುವಾರ ಊಟಕ್ಕೆ ಬಾ. ಕೋಪ ಬಂದರೆ ಬಂದು ಬೈದು ಊಟ ಮಾಡು.

ಬಕೆಟ್ಟನ್ನು ಕಳಿಸುತ್ತಿದ್ದೇನೆ. ನಂದು ನಂದು ಎಂದು ಅವನ ಹತ್ತಿರ ಎಷ್ಟು ಜಗಳವಾಡಿದ್ದೆ! ಅದು ಅವನದೇ, ಇನ್ನು ನಿನ್ನದು. ನೀನು ಕಟ್ಟಿದ ದೋಣಿಗಳಿಗೆ ದಿನಾ ನೀರು ಹಾಕು. ಯಾವನಾದರೂ ಅಡುಗೆಯವನು ಗೊಣಗಿದರೆ, ಅವನ ಹೊಸ್ತಿಲ ಮೇಲೆ ಇನ್ನೊಂದು ಬಕೆಟ್ಟು ಸುರಿ.

ನಿನ್ನ ಕೈಯ ದೋಣಿಯಲ್ಲಿ ಕೂತವರೆಲ್ಲ ಮನೆ ಸೇರಲಿ, ತಾಯಿ.

ನಿನ್ನ
ಅಡುಗೆ ಮಾವ