ನಗುವವರಿಗೆ ಸಾಯಲು ಅನುಮತಿ ಇಲ್ಲ

ಅಂತಿಮ ಇಚ್ಛೆ ಪರಿಶೀಲನಾ ಸಮಿತಿಯ ಅಧ್ಯಕ್ಷರಿಗೆ,

ಮಾನ್ಯರೇ,

ನನ್ನ ಅಕ್ಕ ನಕ್ಕಳೆಂಬ ಕಾರಣಕ್ಕೆ ನೀವು ಅವಳಿಗೆ ಸಾಯಲು ಅನುಮತಿ ಕೊಡಲಿಲ್ಲ. ಎರಡನೇ ಸಲ ನಗಲಿಲ್ಲವೆಂಬ ಕಾರಣಕ್ಕೆ ಕೊಡಲಿಲ್ಲ. ಎರಡಕ್ಕೂ ಒಂದೇ ಪೆನ್ನು, ಒಂದೇ ರುಜು. ಇಂಥ ಸಮದೃಷ್ಟಿ ಋಷಿಗಳಿಗೂ ಒಲಿಯುವುದು ಕಷ್ಟ.

ಗುಣವಾಗದ ರೋಗಿ ಕೇಳಿಕೊಂಡರೆ ವೈದ್ಯರ ನೆರವಿನಿಂದ ನೆಮ್ಮದಿಯಾಗಿ ಕಣ್ಣು ಮುಚ್ಚಬಹುದೆಂದು ಹೊಸ ಕಾನೂನು ಹೇಳುತ್ತದೆ. ಕಾನೂನಿಗೂ ರೋಗಿಗೂ ನಡುವೆ ತಾವು ಕುರ್ಚಿ ಹಾಕಿಕೊಂಡು ಕೂತಿದ್ದೀರಿ. ಮೂವತ್ತು ವರ್ಷ ಬಟ್ಟೆ ಹೊಲಿದು ನನ್ನನ್ನು ಓದಿಸಿದ ಅಕ್ಕನ ಸ್ನಾಯುಗಳು ಒಂದೊಂದಾಗಿ ಕೈಕೊಟ್ಟವು. ಮೊದಲು ಬೆರಳು, ಆಮೇಲೆ ಕಾಲು, ಕೊನೆಗೆ ಗಂಟಲು. ಗುಟುಕು ನೀರು ಇಳಿಸುವುದೇ ಹೋರಾಟವಾದಾಗ ಅರ್ಜಿ ಹಾಕಿದಳು.

ತಾವು ವಿಚಾರಣೆಗೆ ಮನೆಗೆ ಬರುವ ಹಿಂದಿನ ದಿನ, ವಾರಕ್ಕೊಂದು ನಗೆಬರಹ ಬರೆದು ಹೊಟ್ಟೆ ಹೊರೆಯುವ ನಾನು ಅವಳಿಗೆ ಪಾಠ ಹೇಳಿಕೊಟ್ಟೆ. ಅಧಿಕಾರಿಗಳೂ ಮನುಷ್ಯರೇ, ಮುಖ ಗಂಟಿಕ್ಕಿಕೊಂಡು ಕೂರಬೇಡ, ಒಂದು ತಮಾಷೆಯಿಂದ ಶುರು ಮಾಡು ಎಂದೆ. ಪಾಠದ ಮೊದಲ ವಾಕ್ಯವೇ ತಪ್ಪೆಂದು ತಿಳಿಯಲು ತಡವಾಯಿತು. ಅಕ್ಕ ನಿಮ್ಮ ಅಂಗಿಯನ್ನೇ ದಿಟ್ಟಿಸಿ, ಉಳಿದಿದ್ದ ದನಿಯನ್ನೆಲ್ಲ ಒಟ್ಟುಮಾಡಿ ಹೇಳಿದಳು:

“ಸ್ವಾಮಿ, ನಿಮ್ಮ ಕಾಲರ್ ಸೊಟ್ಟಗಿದೆ. ಹೊಲ್ದವನು ಯಾರು ಹೇಳಿ, ಹೋಗೋಕೆ ಮುಂಚೆ ಅವನಿಗೆರಡು ಬೈದು ಹೋಗ್ತೀನಿ.”

ಹೇಳಿ ನಕ್ಕಳು. ನೀವೂ ನಕ್ಕಿರಿ. ಕಾಲರ್ ಸವರಿಕೊಂಡಿರಿ. ಆಮೇಲೆ ಕಡತದಲ್ಲಿ ಬರೆದಿರಿ: ‘ಅರ್ಜಿದಾರರು ಲವಲವಿಕೆಯಿಂದಿದ್ದಾರೆ. ಜೀವನೋತ್ಸಾಹ ಕಂಡುಬಂದಿದೆ. ತಿರಸ್ಕರಿಸಿದೆ.’

ಮರುವಿಚಾರಣೆಯಲ್ಲಿ ಅಕ್ಕ ತುಟಿ ಬಿಗಿಹಿಡಿದು ಹೂಂ, ಉಹೂಂ ಎಂದಷ್ಟೇ ಉತ್ತರಿಸಿದಳು. ನಿಮ್ಮನ್ನು ಬಾಗಿಲವರೆಗೆ ಬಿಟ್ಟು ಬಂದ ನನ್ನನ್ನು ಕೇಳಿದಳು, “ಈ ಸಲ ನಾನು ಸರಿಯಾಗಿ ಮಾಡಿದ್ನೇನೋ?” ಅವಳ ಬಾಯಿಂದ ನಾನು ಕೇಳಿದ ಕೊನೆಯ ಪೂರ್ತಿ ಮಾತು ಅದು. ನಿಮ್ಮ ಷರಾ ವಾರದಲ್ಲಿ ಬಂತು: ‘ಖಿನ್ನತೆ ಇದೆ. ಸ್ವಂತ ನಿರ್ಧಾರವೆನ್ನಲಾಗದು. ತಿರಸ್ಕರಿಸಿದೆ.’

ಹಾಗಾದರೆ ಎಷ್ಟು ನಗಬೇಕು, ಮಾನ್ಯರೇ? ಎಷ್ಟು ಹಲ್ಲು ಕಾಣಬೇಕು? ಅಳತೆ ಹೇಳಿದ್ದರೆ ಟೇಪು ನಮ್ಮ ಮನೆಯಲ್ಲೇ ಇತ್ತು.

ಆಮೇಲೆ ಅವಳು ನಲವತ್ತೊಂದು ದಿನ ಬದುಕಿದಳು. ತನ್ನ ಎಂಜಲಿಗೇ ಉಸಿರುಕಟ್ಟಿ ಸತ್ತಳು. ಇದನ್ನು ತಾವು ವಾರ್ಷಿಕ ವರದಿಯಲ್ಲಿ ‘ಉಳಿಸಿದ ಜೀವಗಳು’ ಪಟ್ಟಿಗೆ ಸೇರಿಸಿಕೊಂಡಿದ್ದರೆ ಆಶ್ಚರ್ಯವಿಲ್ಲ.

ನಿಮ್ಮ ಕೊನೆಗಾಲಕ್ಕೆ ನಿಮ್ಮಂಥ ಅಧಿಕಾರಿಯೇ ಸಿಗಲಿ ಎಂದು ಶಪಿಸಬಹುದಿತ್ತು. ಹಲ್ಲುಜ್ಜುವಾಗ, ಬಸ್ಸಿಗೆ ಕಾಯುವಾಗ ಶಪಿಸಿದ್ದೂ ಉಂಟು. ಆದರೆ ಅಷ್ಟು ಕಾಲ ಕಾಯುವ ತಾಳ್ಮೆ ನನಗಿಲ್ಲ.

ಆದ್ದರಿಂದ ನನ್ನ ಬೇಡಿಕೆ. ಅರ್ಜಿ ನಮೂನೆಯಲ್ಲಿ ‘ಅರ್ಜಿದಾರರ ಮುಖಭಾವ’ ಎಂಬ ಸಾಲನ್ನು ಹೊಡೆದುಹಾಕಿ, ಸಾಯುವವರು ಹೇಳಿದ್ದನ್ನು ಕಿವಿಗೊಟ್ಟು ಕೇಳಿ. ಅಕ್ಕನ ಕಡತವನ್ನು ಮಾತ್ರ ಇನ್ನೂ ಮುಚ್ಚಬೇಡಿ. ಆ ನಲವತ್ತೊಂದು ದಿನಗಳು ಅದರಲ್ಲಿ ಇಲ್ಲ. ಸೋಮವಾರದಿಂದ ಕಚೇರಿ ತೆರೆಯುವ ಹೊತ್ತಿಗೆ ಬಂದು, ಒಂದು ಬೆಳಿಗ್ಗೆಗೆ ಅವಳ ಒಂದು ದಿನದಂತೆ ಹೇಳುತ್ತೇನೆ. ನೀವು ಕೈಯಾರೆ ಬರೆದುಕೊಳ್ಳಬೇಕು. ಮುಗಿಯುವ ತನಕ ಕುರ್ಚಿಯಿಂದ ಏಳುವಂತಿಲ್ಲ. ಅವಳಿಗೂ ಏಳಲು ಆಗುತ್ತಿರಲಿಲ್ಲ.

ಇಂತಿ,
ವಿಧೇಯನಾಗಿದ್ದು ಸಾಕಾದ
ಒಬ್ಬ ತಮ್ಮ