ಬಾಕೊಲೊಡ್‌ನ ಕೊನೆಯ ಸುತ್ತು

ಮಾರ್ಚ್ 2, 2009, ಸೋಮವಾರ, ಬೆಳಿಗ್ಗೆ 7

ಹನ್ನೊಂದು ಬದುಕು ಬರೆದು ಮುಗಿಸಿದೆ. ಎರಡು ಬಾಕಿ. ಕಾಫಿ ಆರಿಹೋಗಿದೆ.

ನಗರಸಭೆಯವರ ಪುಸ್ತಕ, ನಮ್ಮ ಇಲೊಯಿಲೊದ ಚೆಸ್ ಆಟಗಾರರ ಬಗ್ಗೆ. ಹುಟ್ಟು, ಗೆದ್ದ ಪಂದ್ಯಾವಳಿ, ಒಂದು ಒಳ್ಳೆಯ ಆಟ, ಒಂದು ಫೋಟೊ. ಸತ್ತವರದು ಸುಲಭ. ತಿದ್ದುಪಡಿ ಕಳಿಸುವುದಿಲ್ಲ.

ಇವತ್ತು ರಾಮಿರೊ ಗುಸ್ತಿಲೊ. ಇಂಟರ್‌ನ್ಯಾಷನಲ್ ಮಾಸ್ಟರ್. ಮೂರು ಒಲಿಂಪಿಯಾಡ್. ನನ್ನ ಮಗಳು ಪೆರ್ಲಾಳ ದೀಕ್ಷಾಸ್ನಾನದಲ್ಲಿ ಮಗುವನ್ನು ಎತ್ತಿಕೊಂಡು ನಿಂತವನು, ಅಂದರೆ ನನ್ನ ಕುಂಪಾರೆ. ಒಡಹುಟ್ಟಿದವನಿಗಿಂತ ಒಂದು ಕೈ ಮೇಲು. ತೀರಿಹೋಗಿ ಆರು ವರ್ಷ. ಅವನ ಏಳಿಗೆಯೆಲ್ಲ ಶುರುವಾದದ್ದು 1978ರ ಬಾಕೊಲೊಡ್ ಪಂದ್ಯಾವಳಿಯಿಂದ. ಪ್ರಥಮ, ಎಂಟೂವರೆ ಅಂಕ. ಅದರ ಕೆಳಗಿನ ಸಾಲು: ಲಿಯೊಪೋಲ್ದೊ ಹಾಲ್ಬುವೆನಾ, ಎಂಟು.

ಪೆನ್ನು ಅಲ್ಲೇ ನಿಂತಿತು. ಹಲ್ಲುಜ್ಜಲು ಎದ್ದೆ.

ಮಾರ್ಚ್ 4, ಸಂಜೆ

ಲಾ ಪಾಸ್ ಮಾರುಕಟ್ಟೆಗೆ ಹೋಗಿದ್ದೆ. ಹಾಲ್ಬುವೆನಾ, ನಮ್ಮ ಪೋಲ್ದೊ, ಅಲ್ಲಿ ಬಾಚೊಯ್, ಅಂದರೆ ಲಿವರ್ ಹಾಕಿದ ನೂಡಲ್ ಸಾರಿನ, ಅಂಗಡಿ ಇಟ್ಟಿದ್ದಾನೆ. ಊಟದ ಗದ್ದಲ ಇಳಿಯಲಿ ಎಂದು ಎರಡು ಗಂಟೆಗೆ ಹೋದೆ. ಹಿಂದಿನ ಮೇಜಿನಲ್ಲಿ ಇಬ್ಬರು ಟ್ರೈಸಿಕಲ್ ಡ್ರೈವರುಗಳು ಚೆಸ್ ಆಡುತ್ತಿದ್ದರು.

"ಲೋ, ನಿನ್ ಕುದುರೆ ಸತ್ತು ನಾರ್ತಾ ಇದೆ, ಎತ್ತಿಡೋ."

"ನಾರ್ತಿರೋದು ಪೋಲ್ದೊನ ಲಿವರ್ ಕಣೋ."

ಪೋಲ್ದೊ ಸಾರು ಕಲಕುತ್ತ ನಕ್ಕ. ನೋಡುತ್ತಾನೆ, ಆಡುವುದಿಲ್ಲ. ಮೂವತ್ತೊಂದು ವರ್ಷದಿಂದ ಒಂದು ಕಾಯಿ ಮುಟ್ಟಿಲ್ಲ.

ಪುಸ್ತಕದ ವಿಷಯ ಹೇಳಿದೆ. ಒಪ್ಪಿದ. ಒಂದೇ ಷರತ್ತು. ನನ್ನನ್ನು ಈಗಲೂ ನೊಂಗ್, ಅಣ್ಣ, ಎಂದೇ ಕರೆಯುತ್ತಾನೆ.

"ಬಾಕೊಲೊಡ್ ಆಟ ಮಾತ್ರ ಹಾಕ್ಬೇಡಿ, ನೊಂಗ್ ದೂಲೊ. ಇಲ್ದಿರೋ ಗೆಲುವನ್ನ ಇದೆ ಅಂತ ಎಲ್ರ ಮುಂದೆ ಹಟ ಹಿಡಿದಿದ್ದೆ. ನೀವು ಅಣ್ಣನ ಥರ ಕೂತು ತೋರಿಸಿಕೊಟ್ರಿ."

ಯಾಕೆ ಆಟ ಬಿಟ್ಟೆ ಎಂದು ಕೇಳಬಾರದಿತ್ತು. ಕೇಳಿದೆ.

"ಆಮೇಲೆ ಬೋರ್ಡಿನ ಮುಂದೆ ಕೂತ್ರೆ, ಕಂಡಿದ್ದು ನಿಜಾನಾ ಅಂತ ಅನುಮಾನ. ಸಾರಿನ ಉಪ್ಪಾದ್ರೆ ನಾಲಿಗೆ ಮೇಲೆ ಹಾಕ್ಕೊಂಡು ನೋಡಬಹುದು. ಇದನ್ನ ಹೇಗೆ ನೋಡೋದು?"

ಷರತ್ತಿಗೆ ಒಪ್ಪಿದೆ. ಲಾಭವೆಲ್ಲ ನನ್ನ ಕಡೆಗೇ. ಇನ್ನೊಂದು ಬಟ್ಟಲು ಹಾಕಿಸಿಕೊಂಡು ತಿಂದೆ. ತಿಂದೆ ಎನ್ನುವುದನ್ನೂ ಬರೆದಿಡಬೇಕು.

ಮಾರ್ಚ್ 5, ಮಧ್ಯಾಹ್ನ

ಇಲ್ಲಿ ಯಾರೂ ಓದುವುದಿಲ್ಲ. ಬರೆದುಬಿಡುತ್ತೇನೆ.

ಕೊನೆಯ ಸುತ್ತು. ಗುಸ್ತಿಲೊ ಎಂಟು, ಪೋಲ್ದೊ ಏಳೂವರೆ, ಎದುರು ಬದುರು. ಪೋಲ್ದೊ ಗೆದ್ದರೆ ಮನಿಲಾದ ರಾಷ್ಟ್ರೀಯ ಪಂದ್ಯಾವಳಿಗೆ ಅವನು, ಡ್ರಾ ಆದರೆ ಗುಸ್ತಿಲೊ. ಆಟ ಮುಗಿಯಲಿಲ್ಲ, ಇಲೊಯಿಲೊಗೆ ಮರಳುವ ನಾಲ್ಕು ಗಂಟೆಯ ಫೆರಿ ಕಾಯುವುದಿಲ್ಲ. ಇಂಥ ಹೊತ್ತಿನಲ್ಲಿ ಆಟ ನಿಲ್ಲಿಸಿ, ಇದ್ದ ಸ್ಥಿತಿ ನೋಡಿ ತೀರ್ಪುಗಾರ ಫಲಿತಾಂಶ ಹೇಳುವುದು ಆಗಿನ ಪದ್ಧತಿ. ತೀರ್ಪುಗಾರ ನಾನು. ಗುಸ್ತಿಲೊ ನನ್ನ ಕುಂಪಾರೆ ಎಂದು ಯಾರೂ ತಕರಾರು ತೆಗೆಯಲಿಲ್ಲ. ಈ ದ್ವೀಪಗಳಲ್ಲಿ ಕುಂಪಾರೆ ಅಲ್ಲದ ತೀರ್ಪುಗಾರ ಬೇಕೆಂದರೆ ಹಡಗಿನಲ್ಲಿ ತರಿಸಬೇಕು.

ಬೋರ್ಡಿನ ಮೇಲೆ ಎರಡು ರಾಜ, ನಾಲ್ಕು ನಾಲ್ಕು ಕಾಲಾಳು. ಬಿಳಿ ಪೋಲ್ದೊನದು, ನಡೆಯೂ ಅವನದೇ. ಗೆಲ್ಲುತ್ತೇನೆ ಎಂದ. ರಾಜನನ್ನು ಮುಂದೆ ಒಯ್ಯುವ ಬದಲು ಒಂದು ಮನೆ ಹಿಂದೆ ಇಟ್ಟ. ಪಕ್ಕಕ್ಕೆ ಸರಿಸಿ ಮತ್ತೆ ಮೊದಲಿನ ಮನೆಗೇ ತರುವ ಲೆಕ್ಕ. ಆಗ ಸ್ಥಿತಿ ಅದೇ, ನಡೆಯ ಸರದಿ ಮಾತ್ರ ಕರಿಯದು. ಎಲ್ಲಿ ನಡೆದರೂ ಕರಿ ಸೋಲುತ್ತದೆ.

ನನಗೆ ಅವನು ಕೈ ಎತ್ತುವ ಮೊದಲೇ ಕಂಡಿತ್ತು.

ಕೂರಿಸಿಕೊಂಡು ಮಾತಾಡಿದೆ. ಬಂದರಿನಲ್ಲಿ ಮೂಟೆ ಎಣಿಸುತ್ತಿದ್ದ ನನ್ನನ್ನು ಚೆಸ್ ಸಂಘದ ಕಾರ್ಯದರ್ಶಿ ಮಾಡಿದ ಬಾಯಿ ಇದು. ತಮ್ಮಾ, ಗೆಲ್ಲೋನು ಹಿಂದಕ್ಕೆ ಓಡ್ತಾನಾ, ಅಂದೆ. ಸುತ್ತ ನಿಂತವರು ನಕ್ಕರು. ಸರಸರನೆ ಕಾಯಿ ನಡೆಸಿ ತೋರಿಸಿದೆ. ನಾಲ್ಕನೆಯ ನಡೆಯಲ್ಲಿ ಬಿಳಿಯ ಪರವಾಗಿ ನಾನೇ ಒಂದು ಕೆಟ್ಟ ನಡೆ ಆಡಿಬಿಟ್ಟೆ, ಅದೊಂದೇ ದಾರಿ ಎನ್ನುವ ಹಾಗೆ. ನೋಡು, ಡ್ರಾ. ಇಪ್ಪತ್ತನಾಲ್ಕರ ಹುಡುಗ. ಬೋರ್ಡನ್ನೇ ನೋಡಿದ. ನನ್ನ ಮುಖ ನೋಡಿದ. ಒಪ್ಪಿ ತಲೆಯಾಡಿಸಿದ.

ಕದ್ದದ್ದು ಅರ್ಧ ಅಂಕ ಎಂದೇ ಇಷ್ಟು ದಿನ ನನ್ನ ಲೆಕ್ಕ. ನಿನ್ನೆ ಗೊತ್ತಾಯಿತು, ಲೆಕ್ಕ ತಪ್ಪು.

ಮಾರ್ಚ್ 9

ಪೆರ್ಲಾ ಹಳೆಯ ಆಟಗಳನ್ನೆಲ್ಲ ಕಂಪ್ಯೂಟರಿಗೆ ಹಾಕುತ್ತಿದ್ದಾಳೆ. ಬಾಕೊಲೊಡ್ ಆಟ ಬೇಡ ಎನ್ನಲು ಮರೆತಿದ್ದೆ. ಮರೆತೆನೋ, ಬಿಟ್ಟೆನೋ.

"ಅಪ್ಪಾ, ಇದು ಬಿಳಿ ಗೆಲ್ಲತ್ತೆ ಅಂತಿದೆ. ರಾಜ ಹಿಂದೆ ಬರ್ಬೇಕಂತೆ." ಅವಳೇ ಮುಂದುವರಿಸಿದಳು, "ಯಂತ್ರಕ್ಕೇ ತಪ್ಪಿರ್ಬೇಕು. ನೀವೇ ಅಲ್ವಾ ಡ್ರಾ ಕೊಟ್ಟಿದ್ದು."

ಇರಬಹುದು ಅಂದೆ. ಮಗಳು ನನ್ನನ್ನು ನಂಬಿ ಯಂತ್ರವನ್ನು ಬಂದ್ ಮಾಡಿದಳು.

ಮಾರ್ಚ್ 16, ಸಂಜೆ 5

ಏಳು ದಿನ ಬರೆಯಲಿಲ್ಲ. ಮೀಸೆಗೆ ಬಣ್ಣ ಹಚ್ಚಿಕೊಂಡೆ, ಚರ್ಚಿನಲ್ಲಿ ಎರಡು ಪೂಜೆಗೆ ಹೋಗಿಬಂದೆ. ಪಾದ್ರಿಯ ಹತ್ತಿರ ಬೇರೆ ಪಾಪ ಹೇಳಿಕೊಂಡೆ.

ಇವತ್ತು ಪೋಲ್ದೊನ ಹತ್ತಿರ ಹೋದೆ. ಹೇಳಲೆಂದೇ ಹೋದದ್ದು. ಬಾಯಿ ತೆರೆದಾಗ ಬಂದದ್ದು ಇದು: ಪೋಲ್ದೊ, ಪೆರ್ಲಾಳ ಕಂಪ್ಯೂಟರ್ ಏನೋ ಕಂಡುಹಿಡಿದಿದೆ, ನೀನು ಹೇಳಿದ್ದೇ ಸರಿಯಂತೆ.

ಸೌಟು ಕೆಳಗಿಟ್ಟ. ಡ್ರೈವರುಗಳ ಬೋರ್ಡ್ ಎಳೆದುಕೊಂಡ. ಅವರು ಗೊಣಗಿದರು, ಕೇಳಿಸಿಕೊಳ್ಳಲಿಲ್ಲ. ಹತ್ತು ಕಾಯಿ, ಒಂದನ್ನೂ ತಡವರಿಸದೆ ಆ ದಿನದ ಮನೆಗಳಲ್ಲೇ ಇಟ್ಟ. ರಾಜ ಹಿಂದೆ. ಪಕ್ಕಕ್ಕೆ. ಮತ್ತೆ ಮೊದಲಿನ ಮನೆ. ಕೈ ಕಾಯಿಯ ಮೇಲೆಯೇ ಉಳಿಯಿತು.

"ಇತ್ತು, ನೊಂಗ್. ಅಲ್ಲೇ ಇತ್ತು."

ಆಮೇಲೆ ನನಗೇ ಸಮಾಧಾನ ಹೇಳಿದ. "ಯಂತ್ರಕ್ಕೆ ಕಾಣೋದು ನಿಮ್ಗೆ ಕಾಣ್ಲಿಲ್ಲ, ಅದ್ಕೇನು. ಅವತ್ತು ಯಾರಿಗ್ ತಾನೆ ಕಂಡಿತ್ತು. ನಾಚ್ಕೋಬೇಡಿ. ಆ ಆಟಾನೇ ಹಾಕಿ ಪುಸ್ತಕಕ್ಕೆ."

ನಾನು ಹೊರಡುವಾಗ ಡ್ರೈವರ್ ಒಬ್ಬನ ಎದುರು ಕೂತಿದ್ದ. ಆಡಲು.

ಅರ್ಧ ಹೇಳಿ ಬಂದೆ. ಅರ್ಧ ಅಂಕ ನನಗೆ ಅಭ್ಯಾಸವಾಗಿದೆ.

ಮಾರ್ಚ್ 18

ಪ್ರೆಸ್‌ನವನು ಶುಕ್ರವಾರ ಕೊನೆ ಅಂತಾನೆ. ಪೋಲ್ದೊ ಫೋನ್ ಮಾಡಿದ್ದ. ಮೂರು ದಿನದಲ್ಲಿ ಹದಿನಾಲ್ಕು ಆಟ ಆಡಿದನಂತೆ, ಹನ್ನೊಂದು ಗೆದ್ದನಂತೆ, ಸಾರು ಎರಡು ಸಲ ತಳ ಹಿಡಿಯಿತಂತೆ. ಪುಸ್ತಕ ಬಿಡುಗಡೆಯ ದಿನ ಮಾತಾಡುತ್ತಾನಂತೆ. ಮೂವತ್ತೊಂದು ವರ್ಷ ಕಳೆದ ಮೇಲೂ ತನ್ನ ತಪ್ಪು ತಾನೇ ಹುಡುಕಿ ಬಂದು ಹೇಳಿದ ತೀರ್ಪುಗಾರ ನಮ್ಮ ನೊಂಗ್ ದೂಲೊ ಒಬ್ಬರೇ, ಅದನ್ನ ಎಲ್ರಿಗೂ ಹೇಳ್ತೀನಿ, ಅಂದ.

ಆಟದ ಕೆಳಗಿನ ಟಿಪ್ಪಣಿ ಬರೆಯಲು ಕೂತೆ. 'ಈ ಗೆಲುವು ಆ ದಿನ ಯಾರ ಕಣ್ಣಿಗೂ ಬೀಳಲಿಲ್ಲ.' ಹೊಡೆದುಹಾಕಿದೆ. 'ತೀರ್ಪುಗಾರರ ಕಣ್ತಪ್ಪಿನಿಂದ...' ಅದನ್ನೂ.

ನಿಜ ಬರೆದರೆ ಗುಸ್ತಿಲೊನ ಮೂರು ಒಲಿಂಪಿಯಾಡಿನ ಬುಡವೇ ಅಲ್ಲಾಡುತ್ತದೆ. ಸತ್ತ ಕುಂಪಾರೆ ಬಂದು ಉತ್ತರ ಹೇಳಲಾರ. ಅವನಿಗೆ ಗೊತ್ತೂ ಇರಲಿಲ್ಲ, ಪಾಪ. ಡ್ರಾ ಎಂದೇ ನಂಬಿದ್ದ. ಪೆರ್ಲಾ ಈಗಲೂ ಅವನ ಫೋಟೊಗೆ ಹೂವಿಡುತ್ತಾಳೆ. ಈ ಕಾರಣಗಳೆಲ್ಲ ಚೆನ್ನಾಗಿವೆ. ನನ್ನ ಬಾಯಿಂದ ಬಂದವೆಲ್ಲ ಚೆನ್ನಾಗಿಯೇ ಇರುತ್ತವೆ.

ಮಾರ್ಚ್ 19, ಬೆಳಿಗ್ಗೆ 10.20

ಲಾ ಪಾಸ್. ಪೋಲ್ದೊನ ಅಂಗಡಿಯ ಹೊರಗಿನ ಬೆಂಚು. ಒಳಗೆ ಜನ. ಕಾಯಿರಿ, ಬಂದೆ ಅಂದ.

ಹೇಳುವುದನ್ನು ದಾರಿಯಲ್ಲಿ ಜೀಪ್ನಿಯಲ್ಲೇ ಜೋಡಿಸಿಕೊಂಡೆ. ಮೂರು ಸಲ. ಮೂರು ಸಲವೂ ನನಗೇ ನನ್ನ ಮೇಲೆ ಕರುಣೆ ಬರುವ ಹಾಗೆ ತಿರುಗಿತು. ಆಗ ಎಳೆಯ ಮಗುವಾಗಿದ್ದ ಪೆರ್ಲಾ, ಕುಂಪಾರೆ, ಫೆರಿಯ ಅವಸರ. ಬಾಯಿಗೆ ಬಿಟ್ಟರೆ ಇವತ್ತೂ ಅದೇ ಆಗುತ್ತದೆ. ಸೌಟು ಹಿಡಿದವನೇ ನನ್ನ ಬೆನ್ನು ತಟ್ಟುತ್ತಾನೆ.

ಅದಕ್ಕೇ ಇಲ್ಲಿ, ಅಲಂಕಾರವಿಲ್ಲದೆ: ಪೋಲ್ದೊ, ಆ ದಿನ ನನಗೆ ಕಂಡಿತ್ತು. ನಿನಗಿಂತ ಮೊದಲೇ ಕಂಡಿತ್ತು. ನಾಲ್ಕನೆಯ ನಡೆ ಬೇಕೆಂದೇ ತಪ್ಪಾಗಿ ಆಡಿ ತೋರಿಸಿದೆ. ಯಂತ್ರ ನನಗೆ ಹೊಸದೇನೂ ಹೇಳಲಿಲ್ಲ.

ಕೈ ಒರೆಸಿಕೊಳ್ಳುತ್ತ ಬರುತ್ತಿದ್ದಾನೆ. ಕಂಕುಳಲ್ಲಿ ಬೋರ್ಡ್. ನಗುತ್ತಿದ್ದಾನೆ. ಎದುರಿಗೆ ಕೂತ. ಏನ್ ಬರೀತಿದೀರಿ ಅಷ್ಟು, ನನ್ ಬಗ್ಗೇನಾ, ಎಂದು ಕೇಳುತ್ತಿದ್ದಾನೆ. ಹೌದು ಅಂದೆ. ತೋರ್ಸಿ ಎಂದು ಕೈ ಚಾಚಿದ್ದಾನೆ. ಐದನೆಯ ತಾರೀಖಿನ ಪುಟ ತೆಗೆದು ಅವನ ಕೈಗೆ